ಮುಂದೆ ನಿಂತವರ ಹಾಲು, ಹಿಂದೆ ನಿಂತವರ ಹೆಸರು

ಹಳ್ಳಿ ಡೈರಿಗಳಲ್ಲಿ ಕಂಪ್ಯೂಟರ್ ಮುಂದೆ ಕೂರಲು ಈಗ ಹುಡುಗಿಯರು ಸೇರುತ್ತಿದ್ದಾರೆ. ಮುಳಬಾಗಿಲು, ಮಾಲೂರು, ಶ್ರೀನಿವಾಸಪುರ, ಎಲ್ಲ ಕಡೆಯೂ. ಸೇರಿದ ದಿನ ಹಾರ ಹಾಕಿ ಫೋಟೋ ತೆಗೆಯುತ್ತಾರೆ. ಯಾವ ಗುಂಡಿ ಒತ್ತಬೇಕು ಅಂತ ತೋರಿಸಿ ಹೋಗುತ್ತಾರೆ. ಆ ಗುಂಡಿ ಎಲ್ಲಿಂದ ಬಂತು, ಅದು ಸುಳ್ಳು ಹೇಳಿದರೆ ಯಾರ ಮಾನ ಹೋಗುತ್ತದೆ ಅನ್ನುವುದನ್ನು ಯಾರೂ ಹೇಳುವುದಿಲ್ಲ. ಅದನ್ನು ಹೇಳಲು ನಾನು ಕೂತಿದ್ದೇನೆ. ನಾನು ಓದಿರುವುದು ಐದನೇ ಕ್ಲಾಸು. ನಾನು ಹಾಳೆಯಲ್ಲಿ ಗೀಚಿದ್ದನ್ನು ಮೊಮ್ಮಗಳು ಟೈಪ್ ಮಾಡಿದ್ದಾಳೆ. "ಅಜ್ಜೀ, ಬೈಗುಳ ತೆಗೆದುಬಿಡ್ಲಾ?" ಅಂದಳು. "ಒಂದೆರಡು ತೆಗಿ. ಮಿಕ್ಕಿದ್ದು ಇರ್ಲಿ, ಬೈಸ್ಕೊಂಡೋರು ಸಂಪಾದನೆ ಮಾಡ್ಕೊಂಡಿರೋದು" ಅಂದೆ.

ನಮ್ಮೂರು ಬೈರಕೂರಿನ ಹತ್ತಿರ. ನಾನು ಡೈರಿಗೆ ಸೇರಿದ್ದು ಕ್ಯಾನು ತೊಳೆಯಲು. ಹಾಲು ಪರೀಕ್ಷೆ ಮಾಡುತ್ತಿದ್ದವನು ಕೆಲಸ ಬಿಟ್ಟಾಗ ಅದು ನನ್ನ ಪಾಲಿಗೆ ಬಂತು. ಆಗ ಗಾಜಿನ ಕೊಳವೆಗೆ ಆಸಿಡ್ ಹಾಕಿ, ಹಾಲು ಹಾಕಿ, ಕೈಯಿಂದ ತಿರುಗಿಸುವ ಗಾಲಿಯಲ್ಲಿ ಇಟ್ಟು ಗಿರಗಿರ ತಿರುಗಿಸಬೇಕಿತ್ತು. ಕೊಬ್ಬು ಎಲ್ಲಿಗೆ ಏರಿ ನಿಂತಿತು ಅಂತ ಕೊಳವೆಯನ್ನು ಬೆಳಕಿಗೆ ಹಿಡಿದು ನೋಡಬೇಕಿತ್ತು. ನನ್ನ ಒಂದು ಸೀರೆಯೂ ತೂತಿಲ್ಲದೆ ಉಳಿಯಲಿಲ್ಲ. ಆದರೆ ಆ ಕಾಲದಲ್ಲಿ ಒಂದು ಒಳ್ಳೆಯದಿತ್ತು. ಕೊಳವೆಯನ್ನು ನಾನು ನೋಡಿದ ಮೇಲೆ ಹಾಲು ತಂದವಳೂ ನೋಡುತ್ತಿದ್ದಳು. "ಕಣ್ಣು ಬಿಟ್ಟು ನೋಡೇ, ಇನ್ನೂ ಮೇಲಿದೆ" ಅಂತ ಜಗಳ ಮಾಡುತ್ತಿದ್ದಳು. ಮಾಡಲಿ. ಜಗಳ ಮಾಡಲು ಅವಳ ಕಣ್ಣಿಗೆ ಏನಾದರೂ ಕಾಣುತ್ತಿತ್ತಲ್ಲ.

ಆಮೇಲೆ ಮಿಷನ್ನು ಬಂತು. ಹಾಲಿನ ಲೋಟಕ್ಕೆ ಅದರ ಕೊಳವೆ ಇಳಿಬಿಟ್ಟರೆ ಕೊಬ್ಬು ಎಷ್ಟು, ಗಟ್ಟಿ ಎಷ್ಟು, ನೀರು ಎಷ್ಟು ಅಂತ ಕೆಂಪು ಅಂಕಿ ತೋರಿಸುತ್ತಿತ್ತು. ಅದರ ಹಿಂದೆಯೇ ಕಂಪ್ಯೂಟರ್ ಬಂತು. ಮಿಷನ್ನಿನಿಂದ ವೈರು ಕಂಪ್ಯೂಟರಿಗೆ. ನಾನು ಪರದೆಯ ಮೇಲೆ ಹಾಲಿನವರ ನಂಬರು ಹೊಡೆದರೆ ಹೆಸರು ಬರುತ್ತಿತ್ತು, ಹೆಸರಿನ ಮುಂದೆ ಒಂದು ಚೌಕ, ಚೌಕದಲ್ಲಿ ಮಿಷನ್ನಿನ ಅಳತೆ ತಾನಾಗಿ ಬಂದು ಕೂರುತ್ತಿತ್ತು. ಗುಂಡಿ ಒತ್ತಿದರೆ ಚೀಟಿ. ಹೇಳಿಕೊಡಲು ಬಂದವನು ನನ್ನನ್ನು ನೋಡಿ ಕಾರ್ಯದರ್ಶಿ ಶ್ರೀರಾಮಪ್ಪನಿಗೆ, "ಈ ವಯಸ್ಸಾದೋರ ಕೈಲಾಗುತ್ತಾ ಸಾರ್?" ಅಂದ. ಶ್ರೀರಾಮಪ್ಪ, "ಟಿ.ವಿ. ರಿಮೋಟ್ ಒತ್ತುತ್ತಾರೆ, ಇದೂ ಒತ್ತುತ್ತಾರೆ ಬಿಡಪ್ಪ" ಅಂದ. ಅಷ್ಟೇ ನನ್ನ ಟ್ರೈನಿಂಗು.

ಆ ವರ್ಷದ ಆಯುಧಪೂಜೆಗೆ ಶ್ರೀರಾಮಪ್ಪನೇ ಕಂಪ್ಯೂಟರಿಗೆ ಕುಂಕುಮದ ನೀರು ಎರಚಿ, ಕೀ ಬೋರ್ಡಿನ ಅರ್ಧ ಅಕ್ಷರ ಸತ್ತುಹೋದವು. ಬೈಸಿಕೊಂಡಿದ್ದು ನಾನು. ಅದನ್ನು ಬಿಡಿ. ಅದು ಕೀ ಬೋರ್ಡು, ಹೊಸದು ಬಂತು.

ಬಿಡಲಾರದ್ದು ಬೇರೆ ಇದೆ. ಮಿಷನ್ನಿನ ಕೆಂಪು ಅಂಕಿಯನ್ನೂ ಜನ ನೋಡುತ್ತಿದ್ದರು, ಅದಕ್ಕೂ ಜಗಳ ಮಾಡುತ್ತಿದ್ದರು. ಸಾಲು ನಿಧಾನವಾಗುತ್ತಿತ್ತು, ಹಾಲಿನ ಲಾರಿ ಕಾಯುತ್ತಿತ್ತು. ಒಂದು ಬೆಳಿಗ್ಗೆ ಮೇಲಿನ ಆಫೀಸಿನ ಸಾಹೇಬರು ಬಂದು ನಿಂತು ನೋಡಿದರು.

"ಇವರೆಲ್ಲಾ ಯಾಕಮ್ಮಾ ಬಗ್ಗಿ ನೋಡ್ತಾರೆ?"

"ಅವರ ಹಾಲು ಸಾರ್."

"ಕಂಪ್ಯೂಟರಲ್ಲಿ ಬರುತ್ತಲ್ಲ. ನೀವು ನೋಡಿದರೆ ಸಾಕು. ಮಿಷನ್ ಮುಖ ಗೋಡೆ ಕಡೆ ತಿರುಗಿಸಿ."

ತಿರುಗಿಸಿದೆವು. ಆವತ್ತಿನಿಂದ ಮಿಷನ್ನು ಗೋಡೆಗೆ ಅಳತೆ ತೋರಿಸುತ್ತಿತ್ತು. ನನಗೆ ಪರದೆ, ಹಾಲಿನವರಿಗೆ ಚೀಟಿ. ಸಾಲು ಬೇಗ ಬೇಗ ಹೋಗತೊಡಗಿತು. ಸಾಹೇಬರಿಗೆ ತುಂಬಾ ಸಂತೋಷವಾಯಿತು. ಆ ಮನುಷ್ಯನ ಹೆಸರು ನಾನು ಬರೆಯುವುದಿಲ್ಲ. ಬರೆಯುವಷ್ಟು ಬೆಲೆ ಅವರಿಗಿಲ್ಲ.

ಇನ್ನು ಟೊಮೇಟೊ ವಿಷಯ. ನಮ್ಮ ಕಡೆ ಹಾಲು ಕರೆಯುವವರೇ ಟೊಮೇಟೊ ಬೆಳೆಯುವವರು. ಆಗ ಎಲ್ಲರ ಕೈಯಲ್ಲೂ ಈಗಿನ ಥರ ಫೋನಿರಲಿಲ್ಲ. ಕೋಲಾರದ ಮಾರ್ಕೆಟ್ಟಿನ ರೇಟು ಕಂಪ್ಯೂಟರಿನಲ್ಲಿ ತೋರಿಸುವ ಪ್ರೋಗ್ರಾಮ್ ಅಂತ ಒಬ್ಬ ಮಂಡಿಯವನು ಸಿ.ಡಿ. ಮಾಡಿಸಿ ಡೈರಿಗಳಿಗೆ ಹಂಚಿದ. ಶ್ರೀರಾಮಪ್ಪ ಅದನ್ನು ನಮ್ಮ ಕಂಪ್ಯೂಟರಿಗೆ ತುರುಕಿದ. ಅದು ಇಂಗ್ಲಿಷಿನಲ್ಲಿ ಏನೋ ಕೇಳಿತು. ನಮ್ಮ ಶ್ರೀರಾಮಪ್ಪ ಕಂಪ್ಯೂಟರ್ ಏನು ಕೇಳಿದರೂ ಎಸ್ ಒತ್ತುವವನು. ಇನ್ನೊಂದು ಕೇಳಿತು, ಅದಕ್ಕೂ ಎಸ್. ಟೊಮೇಟೊ ರೇಟು ಬಣ್ಣಬಣ್ಣವಾಗಿ ಬಂತು. ಸಂಜೆ ಜನ ಸೇರಿದರು. ಅವನು ಮೀಸೆ ತಿರುವಿದ.

ಅದರ ಬೆನ್ನಿಗೇ ಪಾಪಮ್ಮನ ಹಾಲು ಕೆಟ್ಟಿತು.

ಪಾಪಮ್ಮ ನಮ್ಮ ಬೀದಿಯ ಕೊನೆಮನೆಯವಳು. ಗಂಡ ಇಲ್ಲ. ಎರಡು ಹಸು, ಹಿಪ್ಪುನೇರಳೆಗೆ ಅಂಗೈಯಗಲ ಜಮೀನು. ಮಾತು ಅರ್ಧ ಕನ್ನಡ, ಅರ್ಧ ತೆಲುಗು, ಸಿಟ್ಟು ಬಂದರೆ ಪೂರ್ತಿ ತೆಲುಗು. ಅವಳ ಹಾಲು ಊರಿಗೇ ಗಟ್ಟಿ. ಆ ಪಾಪಮ್ಮನ ಚೌಕದಲ್ಲಿ ನೀರು ಅಂತ ಬಂತು. ನಾನು ಇನ್ನೊಂದು ಸಲ ನೋಡೋಣ ಅಂದೆ, ಶ್ರೀರಾಮಪ್ಪ, "ಲಾರಿ ಬರ್ತದೆ, ಚೀಟಿ ಕೊಡಿ" ಅಂದ. ಸಂಜೆಯೂ ನೀರು. ಮರುದಿನವೂ ನೀರು.

ನಮ್ಮ ಡೈರಿಯ ಬಾಗಿಲ ಪಕ್ಕ ಒಂದು ಕರೀ ಬೋರ್ಡು ಇತ್ತು. ನೀರು ಬೆರೆಸಿದವರ ಹೆಸರು ಅದರ ಮೇಲೆ ಹೋಗುತ್ತಿತ್ತು. ಬೋರ್ಡಿಗೆ ಹೆಸರು ಬಿದ್ದವರು ತಿದ್ದಿಕೊಳ್ಳದಿದ್ದರೆ ಹಾಲು ತೆಗೆದುಕೊಳ್ಳುವುದನ್ನೇ ನಿಲ್ಲಿಸುತ್ತಿದ್ದೆವು. ಶ್ರೀರಾಮಪ್ಪ ಬಳಪ ತೆಗೆದುಕೊಂಡು, ದಪ್ಪಕ್ಷರದಲ್ಲಿ ಪಾಪಮ್ಮ ಅಂತ ಬರೆದ. ಶಾಲೆಗೆ ಹೋಗುವ ಮಕ್ಕಳು ಅದನ್ನು ಗಟ್ಟಿಯಾಗಿ ಓದಿಕೊಂಡು ಹೋದರು. ನಲ್ಲಿಯ ಹತ್ತಿರ ಹೆಂಗಸರು, "ಪಾಪಮ್ಮಾ, ನಿನ್ನ ಬಿಂದಿಗೆ ಯಾಕೆ ತುಂಬಿಸ್ಕೊಳ್ತೀಯ, ಹಾಲಲ್ಲೇ ಇದೆಯಲ್ಲ" ಅಂದರು.

ಪಾಪಮ್ಮ ನನ್ನ ಹತ್ತಿರ ಬಂದಳು. "ಅಕ್ಕಾ, ನೀನೇ ಹೇಳು. ನಾನು ನೀರು ಹಾಕ್ತೀನಾ?"

"ನೀನು ಹಾಕಲ್ಲ. ಪರದೆ ಹಾಕಿದೀಯ ಅಂತದೆ."

"ನಿನ್ನ ಪರದೆಗೆ ನನ್ನ ಹಸು ಗೊತ್ತಾ?"

ಶ್ರೀರಾಮಪ್ಪ ಒಳಗಿನಿಂದ, "ಕಂಪ್ಯೂಟರಿಗೆ ನಿನ್ನ ಮೇಲೆ ಹಗೆ ಏನಮ್ಮಾ ಪಾಪಮ್ಮ? ಅದಕ್ಕೆ ಜಾತಿ ಇಲ್ಲ, ನೆಂಟಸ್ತಿಕೆ ಇಲ್ಲ. ನಾಳೆ ಒಂದು ದಿನ ನೋಡ್ತೀನಿ. ಆಮೇಲೆ ತರೋದು ಬೇಡ" ಅಂದ.

ಹೊಸ ಹುಡುಗಿಯರೇ, ಈ ಮಾತನ್ನು ನೀವೂ ಕೇಳುತ್ತೀರಿ. ಕಂಪ್ಯೂಟರಿಗೆ ಹಗೆ ಇಲ್ಲ ಅನ್ನುತ್ತಾರೆ. ಹಗೆ ಇಲ್ಲದಿದ್ದರೂ ಕಲ್ಲು ತಲೆಯ ಮೇಲೆ ಬಿದ್ದರೆ ತಲೆ ಒಡೆಯುವುದಿಲ್ಲವೇ?

ಮರುದಿನ ಬೆಳಿಗ್ಗೆ ಪಾಪಮ್ಮ ಹಾಲು ತರಲಿಲ್ಲ. ಹಸುವನ್ನೇ ತಂದಳು. ಕರುವನ್ನೂ ಎಳೆದುಕೊಂಡು ಬಂದು, ಸಾಲಿನಲ್ಲಿ ತನ್ನ ಜಾಗದಲ್ಲಿ ಹಸು ನಿಲ್ಲಿಸಿದಳು.

ಈ ಜಾಗದ ವಿಷಯ ಹೇಳಬೇಕು. ನಮ್ಮೂರ ಡೈರಿ ಸಾಲಿನಲ್ಲಿ ಎಲ್ಲರಿಗೂ ಜಾಗ ಗೊತ್ತು. ಯಾರ ಹಿಂದೆ ಯಾರು ಅನ್ನುವುದು ಮನೆಯ ಗೋಡೆಯಷ್ಟು ಗಟ್ಟಿ. ಯಾರಾದರೂ ಬರುವುದು ತಡವಾದರೆ ಅವರ ಜಾಗದಲ್ಲಿ ಒಂದು ಕಲ್ಲು ಇಟ್ಟು ಕಾಯುತ್ತಾರೆ, ಹಿಂದಿನವರು ಮುಂದೆ ಸರಿಯುವುದಿಲ್ಲ. ಶ್ರೀರಾಮಪ್ಪನ ಮನೆಯ ಕ್ಯಾನಿಗೂ ಜಾಗವಿತ್ತು, ಆಗಷ್ಟೇ ಸೇರಿದ್ದ ಹೊಸ ಆಳು ತಂದು ಇಡುತ್ತಿದ್ದ. ಅದರ ಹಿಂದೆ ಪಾಪಮ್ಮ. ಪಾಪಮ್ಮನ ಹಿಂದೆ ವೆಂಕಟಲಕ್ಷ್ಮಮ್ಮ. ಅವರ ಅತ್ತೆಯಂದಿರ ಕಾಲದಿಂದ ಹಾಗೇ.

ಶ್ರೀರಾಮಪ್ಪನ ಮನೆ ಹಾಲು ಅಳೆದು, ಚೀಟಿ ಕೊಟ್ಟು ಆಯಿತು. ಪಾಪಮ್ಮ ಒಣಗಿದ ಚೊಂಬನ್ನು ತಲೆಕೆಳಗು ಮಾಡಿ ಎಲ್ಲರಿಗೂ ತೋರಿಸಿದಳು. ಕೂತು ಕರೆದಳು. ನೊರೆ ನಿಲ್ಲುವ ಮೊದಲೇ ಚೊಂಬು ನನ್ನ ಮುಂದೆ ಇಟ್ಟು, "ಚೂಡಂಡಿ, ನೀಳ್ಳು ಎಕ್ಕಡುನ್ನಾಯೋ ಚೂಡಂಡಿ!" ಅಂತ ಕೂಗಿದಳು. ನೀರು ಎಲ್ಲಿದೆ ನೋಡಿ ಅಂತ.

ನಾನು ಕೊಳವೆ ಇಳಿಬಿಟ್ಟೆ. ನಂಬರು ಹೊಡೆದೆ. ಚೌಕದಲ್ಲಿ ನೀರು ಅಂತಲೇ ಬಂತು.

ಹಸು ಸೆಗಣಿ ಹಾಕಿತು. ಶ್ರೀರಾಮಪ್ಪ ಬಾಗಿಲಿಗೆ ಬಂದು, "ಹಸುವೇ ನೀರು ಜಾಸ್ತಿ ಕುಡ್ದಿರ್ಬೇಕು" ಅಂದ. ಒಬ್ಬರು ನಕ್ಕರು. ಪಾಪಮ್ಮ ನನ್ನನ್ನು ಪಕ್ಕಕ್ಕೆ ತಳ್ಳಿ ಒಳಗೆ ಬಂದು, ಗೋಡೆ ನೋಡುತ್ತಿದ್ದ ಮಿಷನ್ನನ್ನು ಎರಡು ಕೈಯಲ್ಲಿ ಹಿಡಿದು ಜನರ ಕಡೆ ತಿರುಗಿಸಿದಳು.

ಕೆಂಪು ಅಂಕಿಯಲ್ಲಿ ಹಾಲು ಗಟ್ಟಿ. ನೀರು ಸೊನ್ನೆ. ಪಕ್ಕದಲ್ಲೇ ಪರದೆಯ ಮೇಲೆ ನೀರು. ಒಂದೇ ಚೊಂಬು, ಎರಡು ಮಾತು.

"ಹಿಂದಿನೋರು ಬನ್ನಿ" ಅಂದೆ. ವೆಂಕಟಲಕ್ಷ್ಮಮ್ಮನ ಹಾಲಿಗೆ ಕೊಳವೆ ಇಟ್ಟು ನಂಬರು ಹೊಡೆದೆ. ಮಿಷನ್ನಿನಲ್ಲಿ ಒಂದು ಅಳತೆ ಬಂತು. ಪರದೆಯಲ್ಲಿ ಅವಳ ಹೆಸರಿನ ಮುಂದೆ ಬಂದಿದ್ದು ಪಾಪಮ್ಮನ ಹಾಲಿನ ಅಳತೆ, ಅಂಕಿ ಅಂಕಿಗೆ ಅದೇ. ಇನ್ನೊಬ್ಬರದು ಇಟ್ಟೆ, ವೆಂಕಟಲಕ್ಷ್ಮಮ್ಮನದು ಬಂತು. ಪರದೆ ಒಬ್ಬರು ಹಿಂದೆ ಬಿದ್ದಿತ್ತು. ಮುಂದೆ ನಿಂತವರ ಹಾಲು ಹಿಂದೆ ನಿಂತವರ ಹೆಸರಿಗೆ.

ಬೇರೆ ಊರಾಗಿದ್ದರೆ ಜನ ದಿನಕ್ಕೊಂದು ಜಾಗದಲ್ಲಿ ನಿಲ್ಲುತ್ತಿದ್ದರು, ತಪ್ಪು ಇವತ್ತು ಒಬ್ಬರ ಮೇಲೆ ನಾಳೆ ಒಬ್ಬರ ಮೇಲೆ ಬಿದ್ದು ಬೇಗ ಸಿಕ್ಕಿಬೀಳುತ್ತಿತ್ತು. ನಮ್ಮಲ್ಲಿ ಜಾಗ ಬಿಡುವವರಿಲ್ಲ. ದಿನಾ ಅದೇ ನೀರು ಅದೇ ಹೆಂಗಸಿನ ತಲೆಗೆ ಬಿತ್ತು.

ಅದು ಅರ್ಥವಾಗಲು ಜನಕ್ಕೆ ಸ್ವಲ್ಪ ಹೊತ್ತು ಹಿಡಿಯಿತು. ಆಮೇಲೆ ವೆಂಕಟಲಕ್ಷ್ಮಮ್ಮ ನಿಧಾನವಾಗಿ ಕೇಳಿದಳು. "ಹಂಗಾದ್ರೆ ಪಾಪಮ್ಮಂಗೆ ಬರ್ತಿದ್ದ ನೀರು ಯಾರ್ದಮ್ಮಾ?"

ಎಲ್ಲರ ತಲೆಯೂ ಒಟ್ಟಿಗೆ ಶ್ರೀರಾಮಪ್ಪನ ಕ್ಯಾನಿನ ಕಡೆ ತಿರುಗಿತು.

"ನಮ್ಮಾಳು ಬಡ್ಡೀಮಗ..." ಅಂತ ಶುರು ಮಾಡಿದ ಶ್ರೀರಾಮಪ್ಪ.

"ಹಸು ಜಾಸ್ತಿ ಕುಡ್ದಿರ್ಬೇಕು ಬಿಡಣ್ಣ" ಅಂದಳು ಪಾಪಮ್ಮ.

ಕೋಲಾರದಿಂದ ಸಾಫ್ಟ್‌ವೇರ್ ಕಂಪನಿಯ ಹರೀಶ ಬಂದ. ನಾಲ್ಕು ತಾಲೂಕಿನ ಡೈರಿಗಳಿಗೂ ಅವನೇ. ಬೈಕಿನಲ್ಲಿ ತಿರುಗಿ ತಿರುಗಿ ಮುಖ ಸುಟ್ಟುಹೋಗಿತ್ತು. ಕೂತು ನೋಡಿ, "ಡಿಎಲ್‌ಎಲ್ ಹೋಗಿದೆ ಅಮ್ಮಾ" ಅಂದ.

"ಕನ್ನಡದಲ್ಲಿ ಹೇಳಪ್ಪ."

ಅವನು ಹೇಳಿದ. ಪರದೆಯ ಮೇಲಿನ ಕಿಟಕಿ, ಗುಂಡಿ, ಚೌಕ, ಪಟ್ಟಿ ಇವನ್ನೆಲ್ಲ ಒಂದೊಂದು ಪ್ರೋಗ್ರಾಮೂ ತಾನೇ ಮಾಡಿಕೊಳ್ಳುವುದಿಲ್ಲವಂತೆ. ಅವನ್ನು ಮಾಡಿಕೊಡುವ ಫೈಲುಗಳು ಕಂಪ್ಯೂಟರಿನಲ್ಲಿ ಒಂದು ಕಡೆ ಇರುತ್ತವೆ. ಹಾಲಿನ ಪ್ರೋಗ್ರಾಮೂ ಅಲ್ಲಿಗೇ ಹೋಗಿ ಚೌಕ ತರುತ್ತದೆ, ಟೊಮೇಟೊ ಪ್ರೋಗ್ರಾಮೂ ಅಲ್ಲಿಗೇ. ಎಲ್ಲರಿಗೂ ಸೇರಿದ ಫೈಲು. ಟೊಮೇಟೊದವನು ತನ್ನ ಜೊತೆ ಅದೇ ಹೆಸರಿನ ಬೇರೆ ಫೈಲು ತಂದಿದ್ದ. ಆವತ್ತು ಕಂಪ್ಯೂಟರ್ ಹಳೆಯದರ ಮೇಲೆ ಹಾಕಲೇ ಅಂತ ಇಂಗ್ಲಿಷಿನಲ್ಲಿ ಕೇಳಿದ್ದು ಅದನ್ನೇ, ಶ್ರೀರಾಮಪ್ಪ ಎಸ್ ಒತ್ತಿದ್ದೂ ಅದಕ್ಕೇ. ಹೊಸ ಫೈಲಿನ ಚೌಕ ಟೊಮೇಟೊಗೆ ಸರಿ. ನಮ್ಮ ಹಳೇ ಪ್ರೋಗ್ರಾಮಿಗೆ ಅದು ಅಂಕಿಯನ್ನು ಒಂದು ಸುತ್ತು ತಡವಾಗಿ ಕೊಡುತ್ತಿತ್ತು.

ನನಗೆ ಅರ್ಥವಾಯಿತು. ನಮ್ಮೂರ ದೇವಸ್ಥಾನದಲ್ಲಿ ಊರವರ ಪಾತ್ರೆಗಳಿವೆ. ಯಾರ ಮನೆ ಮದುವೆಯಾದರೂ ಅದೇ ಕೊಪ್ಪರಿಗೆ, ಅದೇ ಮುಚ್ಚಳ. ಒಂದು ಸಲ ಒಬ್ಬ ದೊಡ್ಡಮನುಷ್ಯ ತನ್ನ ಅಡುಗೆಯವನಿಗೆ ಅನುಕೂಲ ಅಂತ ಕೊಪ್ಪರಿಗೆಯ ಬಾಯಿಯನ್ನು ತಟ್ಟಿಸಿ ಅಗಲ ಮಾಡಿಸಿ, ಹಾಗೇ ತಂದಿಟ್ಟ. ಮುಂದಿನ ಮದುವೆಯಲ್ಲಿ ಮುಚ್ಚಳ ಸೀದಾ ಅನ್ನದೊಳಗೆ ಹೋಯಿತು. ಬೈಸಿಕೊಂಡಿದ್ದು ಆ ಮದುವೆಯ ಅಡುಗೆಯವಳು.

"ಇದೂ ಅದೇ ಏನಪ್ಪಾ?" ಅಂದೆ.

"ಅದೇ ಅಮ್ಮಾ. ನಾನೇನು ಮಾಡ್ತೀನಿ ಅಂದ್ರೆ, ಹಳೇ ಫೈಲಿಂದು ಒಂದು ಕಾಪಿ ನಿಮ್ಮ ಹಾಲಿನ ಪ್ರೋಗ್ರಾಮ್ ಮನೇಲೇ ಇಟ್ಬಿಡ್ತೀನಿ. ಅದು ಮೊದ್ಲು ತನ್ನ ಮನೇಲಿ ಹುಡುಕುತ್ತೆ. ಟೊಮೇಟೊದೋರು ಹೊರಗಡೆ ಏನು ಮಾಡ್ಕೊಂಡ್ರೂ ನಮಗೆ ಬೇಡ."

ಕಾಫಿ ಕುಡಿದು ಮುಗಿಸುವಷ್ಟರಲ್ಲಿ ಮಾಡಿ ಮುಗಿಸಿದ. ಅಷ್ಟು ಸುಲಭದ ಕೆಲಸ. ಅಳೆದು ನೋಡಿದೆವು, ಮಿಷನ್ನೂ ಪರದೆಯೂ ಒಂದೇ ಮಾತಾಡಿದವು. ನಾನು ಮೆಚ್ಚಿಕೊಂಡು, "ಎಲ್ಲಿ ಕಲಿತೆ ಇದನ್ನ?" ಅಂದೆ.

"ಟೇಕಲ್ ಕಡೆ ಒಂದು ಡೈರೀಲಿ ಹಿಂಗೇ ಆಗಿತ್ತು. ಆಮೇಲೆ ಶ್ರೀನಿವಾಸಪುರದ ಕಡೆ ಒಂದ್ರಲ್ಲಿ. ಅದೇ ಸಿ.ಡಿ. ಎಲ್ಲಾ ಕಡೆ ಕೊಟ್ಟವ್ರಲ್ಲ."

ನಾನು ಲೋಟ ಕೆಳಗಿಟ್ಟೆ. "ಅಂದ್ರೆ ನಿಂಗೆ ಮೊದ್ಲೇ ಗೊತ್ತಿತ್ತು."

ಅವನು ವೈರು ಸುತ್ತತೊಡಗಿದ.

"ಗೊತ್ತಿದ್ದ ಮೇಲೆ ಒಂದು ಫೋನ್ ಮಾಡಿ ಹೇಳಕ್ಕೆ ಏನು ಬಾಯಿಗೆ ಬೀಗ ಹಾಕಿದ್ರಾ?"

"ಕಂಪ್ಲೇಂಟ್ ಬಂದ ಕಡೆ ಮಾತ್ರ ಹೋಗು ಅಂದವ್ರೆ ಅಮ್ಮಾ. ಎಲ್ಲಾ ಕಡೆ ಹೇಳಿದ್ರೆ ನಮ್ದೇ ತಪ್ಪು ಅನ್ಕೊಂತಾರಂತೆ."

"ಶ್ರೀನಿವಾಸಪುರದ ಆ ಡೈರೀಲಿ ಬೋರ್ಡ್ ಇದೆಯಾ?"

"ಐತೆ."

"ಯಾರ್ದಾದ್ರೂ ಹೆಸರು ಬಿದ್ದಿತ್ತಾ?"

ಅವನು ಬ್ಯಾಗಿನ ಜಿಪ್ ಎಳೆಯುತ್ತಾ, "ಆಂಜಿನಮ್ಮ ಅಂತ ಒಬ್ರದ್ದು. ಅವರ ಹಾಲು ನಿಲ್ಲಿಸಿದ್ರು. ನಾನು ಫೈಲ್ ಸರಿ ಮಾಡಿ ಬಂದೆ" ಅಂದ.

"ಬೋರ್ಡ್ ಯಾರು ಸರಿ ಮಾಡಿದ್ರು?"

"ಅದು ನಮ್ಮ ಕೆಲಸ ಅಲ್ಲಮ್ಮಾ."

ನಾನು ಅಂದದ್ದನ್ನು ಮೊಮ್ಮಗಳು ತೆಗೆದುಹಾಕಿದ್ದಾಳೆ.

ಮಾರನೇ ದಿನ ನಮ್ಮ ಬೋರ್ಡಿನ ಜಗಳ. ಶ್ರೀರಾಮಪ್ಪ ಪಾಪಮ್ಮನ ಹೆಸರು ಒರೆಸಿ, "ಕಂಪ್ಯೂಟರ್ ದೋಷದಿಂದ ಅಳತೆಯಲ್ಲಿ ವ್ಯತ್ಯಾಸವಾಗಿದ್ದು ಸರಿಪಡಿಸಲಾಗಿದೆ" ಅಂತ ಸಣ್ಣಕ್ಷರದಲ್ಲಿ ಬರೆದಿದ್ದ. ಪಾಪಮ್ಮ ಕ್ಯಾನು ಕೆಳಗಿಟ್ಟು, "ಇದರಲ್ಲಿ ನಾನೆಲ್ಲಿದ್ದೀನಿ?" ಅಂದಳು.

"ಒರೆಸಿದೀನಲ್ಲಮ್ಮಾ, ಇನ್ನೇನು?"

"ಬೋರ್ಡಲ್ಲಿ ಒರೆಸಿದೀಯ. ಊರೋರ ಬಾಯಲ್ಲಿ ಒರೆಸಿದೀಯಾ? ಕಳ್ಳಿ ಅಂತ ಬರೆಯೋವಾಗ ಹೆಸರಿತ್ತು, ಅಲ್ಲ ಅಂತ ಬರೆಯೋವಾಗ ಯಾಕಿಲ್ಲ? ಬರಿ. ಅಷ್ಟೇ ದಪ್ಪ ಬರಿ. ಬರೆಯೋ ತಂಕ ನನ್ನ ಹಾಲು ಇಲ್ಲಿಗೆ ಬರಲ್ಲ."

ಅವನು ಬಳಪ ಮುಟ್ಟಲಿಲ್ಲ. ಅದನ್ನು ಬರೆದರೆ ಮುಂದಿನ ಪ್ರಶ್ನೆ ಅವನ ಕ್ಯಾನಿನದು ಅಂತ ಅವನಿಗೆ ಗೊತ್ತು. ನಾನು ಬರೆದೆ. "ಪಾಪಮ್ಮನ ಹಾಲಿನಲ್ಲಿ ನೀರಿರಲಿಲ್ಲ." ನನ್ನ ಅಕ್ಷರ ಕೆಟ್ಟದು, ಆದರೆ ದಪ್ಪ. "ನಾರಾಯಣಮ್ಮಾ, ಯಾರ ಪರ್ಮಿಷನ್ ತಗೊಂಡ್ರಿ?" ಅಂತ ಶ್ರೀರಾಮಪ್ಪ ಕೂಗಿದ. ಸಾಹೇಬರಿಗೂ ಫೋನ್ ಮಾಡಿದ. ಸಾಹೇಬರು ಫೋನಿನಲ್ಲಿ ನನಗೆ, "ಸಾಫ್ಟ್‌ವೇರ್ ಅಂದ ಮೇಲೆ ಹೆಚ್ಚುಕಮ್ಮಿ ಆಗುತ್ತಮ್ಮಾ, ದೊಡ್ಡದು ಮಾಡಬೇಡಿ" ಅಂದರು. "ದೊಡ್ಡದು ಮಾಡಿದ್ದು ನಾವಲ್ಲ ಸಾರ್. ಬೋರ್ಡಲ್ಲಿ ದಪ್ಪ ಅಕ್ಷರದಲ್ಲಿ ಬರೆದದ್ದು ನಿಮ್ಮ ಕಾರ್ಯದರ್ಶಿ" ಅಂದು ಇಟ್ಟೆ. ಅಳಿಸಲು ಬಂದ ಆಳಿಗೆ ವೆಂಕಟಲಕ್ಷ್ಮಮ್ಮ ಪೊರಕೆ ತೋರಿಸಿದಳು. ಅಕ್ಷರ ಉಳಿಯಿತು. ಪಾಪಮ್ಮ ಹಾಲು ಹಾಕಿದಳು.

ಆದರೆ ನನಗೆ ಆ ಆಂಜಿನಮ್ಮನ ಹೆಸರು ತಲೆಯಿಂದ ಹೋಗಲಿಲ್ಲ. ಪಾಪಮ್ಮನಿಗೆ ಹೇಳಿದೆ. ಅವಳು, "ಯಾವಾಗ ಹೋಗೋಣ?" ಅಂದಳು, ಹೋಗೋಣವಾ ಅಂತ ಅಲ್ಲ.

ಮುಳಬಾಗಿಲಿಗೆ ಹೋಗಿ, ಶ್ರೀನಿವಾಸಪುರದ ಬಸ್ಸು ಹಿಡಿದು, ಅಲ್ಲಿಂದ ಆಟೋದಲ್ಲಿ ಆ ಊರಿಗೆ ಹೋದೆವು. ಆಂಜಿನಮ್ಮ ನನ್ನಷ್ಟೇ ವಯಸ್ಸಿನ ಹೆಂಗಸು, ಅಂಗಳದಲ್ಲಿ ರಾಗಿ ಕೇರುತ್ತಿದ್ದಳು. ಕೊಟ್ಟಿಗೆ ಖಾಲಿ. ಹಾಲು ನಿಲ್ಲಿಸಿದ ಮೇಲೆ ಹಸು ಮಾರಿಬಿಟ್ಟಿದ್ದಳು. ನಾವು ಯಾರು, ಯಾಕೆ ಬಂದೆವು ಅಂತ ಹೇಳಿದೆ. ಚೌಕ, ಫೈಲು, ಟೊಮೇಟೊ, ಎಲ್ಲ ಹೇಳಿದೆ. ಅವಳು ಮೊರ ಕೆಳಗಿಡದೆ ಕೇಳಿದಳು.

"ಹಂಗಾದ್ರೆ ನನ್ನ ಹಾಲು ಚೆನ್ನಾಗಿತ್ತು."

"ಚೆನ್ನಾಗಿತ್ತಮ್ಮಾ."

"ಅದು ನಂಗೊತ್ತು. ನಂಗೆ ಹೇಳಕ್ಕೆ ಇಷ್ಟು ದೂರ ಬರ್ಬೇಕಿತ್ತಾ?" ಮೊರ ಕೆಳಗಿಟ್ಟಳು. ಸೆರಗು ಕೊಡವಿ ಎದ್ದಳು. "ಅಲ್ಲಿ ಹೇಳು ಬಾ. ಸಂಜೆ ಹಾಲಿನ ಹೊತ್ತಾಯ್ತು."

ಅವರ ಡೈರಿಯ ಮುಂದೆ ಸಾಲು ಕೂಡಿತ್ತು. ಅವಳು ಸಾಲಿನಲ್ಲಿ ಒಂದು ಕಡೆ ಹೋಗಿ ನಿಂತಳು. ಕೈಯಲ್ಲಿ ಕ್ಯಾನು ಇಲ್ಲ. ಅದು ಅವಳ ಹಳೇ ಜಾಗ ಅಂತ ನೋಡಿದರೇ ತಿಳಿಯುತ್ತಿತ್ತು, ಹಿಂದಿನವಳು ತಾನಾಗಿ ಒಂದು ಹೆಜ್ಜೆ ಸರಿದಳು. ಅವಳ ಮುಂದೆ ನಿಂತಿದ್ದವರು ನೆಲ ನೋಡಿದರು. ನಾನು ಗಂಟಲು ಕಿತ್ತುಹೋಗುವ ಹಾಗೆ ಎಲ್ಲವನ್ನೂ ಹೇಳಿದೆ. ಅಲ್ಲಿನ ಕಾರ್ಯದರ್ಶಿ ಒಳಗಿನಿಂದ ಎದ್ದು ಬಂದು, "ಯಾರಮ್ಮಾ ನೀವು? ನಿಮಗೇನು ಸಂಬಂಧ? ಇಲ್ಲಿ ಎಲ್ಲಾ ಸರಿಯಾಗಿದೆ, ಕಂಪ್ಯೂಟರ್ ರಿಪೇರಿ ಆಗಿದೆ" ಅಂದ.

ನಾನು ಅವನಿಗೆ ಉತ್ತರ ಕೊಡುತ್ತಿದ್ದೆ. ಅಷ್ಟರಲ್ಲಿ ಪಾಪಮ್ಮ ಅವನ ಪಕ್ಕದಿಂದ ಒಳಗೆ ನುಗ್ಗಿದ್ದಳು. ಅಲ್ಲಿಯೂ ಮಿಷನ್ನು ಗೋಡೆ ನೋಡುತ್ತಿತ್ತು. ಅವಳು ಎರಡು ಕೈಯಲ್ಲಿ ಹಿಡಿದು ಅದನ್ನು ಜನರ ಕಡೆ ತಿರುಗಿಸಿದಳು.